ಕೋರ್ಟು ಕೊಟ್ಟ ಪರಿಹಾರ ಕಮ್ಮಿ ಅನ್ನಿಸಿದರೆ ಅಪೀಲು ಹಾಕುವುದು ಹೇಗೆ

(ಕೇರಳದ ಕಾಸರಗೋಡು ಜಿಲ್ಲೆಯ ಬದಿಯಡ್ಕದ ಕಡೆ ಒಂದು ಗ್ರಂಥಾಲಯದಲ್ಲಿ ಮಾತಾಡಿದ್ದರ ಬರಹ ರೂಪ. ಅಲ್ಲಿ ಕೇಳಿದ ಪ್ರಶ್ನೆಗಳನ್ನೂ ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ. ನೇರವಾಗಿ ವಿಷಯಕ್ಕೆ ಬರುತ್ತೇನೆ.

ನಮ್ಮ ಕಡೆ ಆಕ್ಸಿಡೆಂಟ್ ಕೇಸು ಅಂದರೆ ಜನರಿಗೆ ನೆನಪಿರುವುದು ಎರಡೇ. ಕೇಸು ಹಾಕಿದ್ದು, ದುಡ್ಡು ಬಂದದ್ದು. ನಡುವೆ ಕಾಸರಗೋಡಿನ ವಿದ್ಯಾನಗರದ ಕೋರ್ಟಿನಲ್ಲಿ ವರ್ಷಗಳು ಹೋಗುತ್ತವೆ. ಒಂದು ದಿನ ವಕೀಲರ ಆಫೀಸಿನಿಂದ ಫೋನ್ ಬರುತ್ತದೆ. ಇಷ್ಟು ಲಕ್ಷ ಆಗಿದೆ, ಬ್ಯಾಂಕ್ ಪಾಸ್‌ಬುಕ್ ತನ್ನಿ ಅಂತ. ಆ ಮೊತ್ತ ಹೇಗೆ ಬಂತು ಅಂತ ಕೇಳುವವರು ತೀರಾ ಕಮ್ಮಿ. ಕಾಲು ಮಡಚಲಿಕ್ಕೆ ಆಗುವುದಿಲ್ಲ, ಕೆಲಸ ಹೋಗಿದೆ, ಮನೆಯಲ್ಲಿ ಸಾಲ ಉಂಟು, ಆದರೂ "ಕೋರ್ಟು ಹೇಳಿದ ಮೇಲೆ ಮುಗೀತಲ್ಲ" ಅಂತ ಸುಮ್ಮನಾಗುತ್ತಾರೆ. ಮುಗಿದಿಲ್ಲ. ಅದು ಟ್ರಿಬ್ಯೂನಲ್, ಅಂದರೆ ಆಕ್ಸಿಡೆಂಟ್ ಪರಿಹಾರದ ಕೇಸು ನಡೆಸುವ ಕೋರ್ಟು, ಹಾಕಿದ ಲೆಕ್ಕ. ಲೆಕ್ಕ ತಪ್ಪಬಹುದು, ತಪ್ಪಿದ್ದರೆ ಹೈಕೋರ್ಟಿನಲ್ಲಿ ಸರಿ ಮಾಡಿಸಬಹುದು. ಅದಕ್ಕೆ ಕಾನೂನೇ ದಾರಿ ಇಟ್ಟಿದೆ.

ಮೊದಲು ದಿನಗಳ ವಿಷಯ ಹೇಳಿಬಿಡುತ್ತೇನೆ, ಅದು ತಪ್ಪಿದರೆ ಉಳಿದದ್ದು ಕಷ್ಟ. 1988ರ ಮೋಟಾರು ವಾಹನ ಕಾಯ್ದೆಯ 173ನೇ ಸೆಕ್ಷನ್ ಪ್ರಕಾರ ಅವಾರ್ಡ್, ಅಂದರೆ ಟ್ರಿಬ್ಯೂನಲ್‌ನ ತೀರ್ಪು, ಆದ ತಾರೀಕಿನಿಂದ 90 ದಿನದ ಒಳಗೆ ಹೈಕೋರ್ಟಿಗೆ ಅಪೀಲು ಹಾಕಬೇಕು. ಅದರ ಸರ್ಟಿಫೈಡ್ ಕಾಪಿಗೆ (ಕೋರ್ಟು ಸೀಲು ಹಾಕಿ ಕೊಡುವ ಪ್ರತಿಗೆ) ಅರ್ಜಿ ಕೊಟ್ಟು ಕಾಯುವ ದಿನಗಳನ್ನು ಇದರಲ್ಲಿ ಲೆಕ್ಕ ಹಿಡಿಯುವುದಿಲ್ಲ. ಆದ್ದರಿಂದ ಅವಾರ್ಡ್ ಆಯಿತು ಅಂತ ಗೊತ್ತಾದ ಕೂಡಲೇ ಕಾಪಿಗೆ ಅರ್ಜಿ ಹಾಕಿಸಿ. 90 ದಿನ ದಾಟಿದರೂ ಬಾಗಿಲು ಪೂರ್ತಿ ಮುಚ್ಚುವುದಿಲ್ಲ. ತಡವಾದದ್ದಕ್ಕೆ ಸರಿಯಾದ ಕಾರಣ ಇದ್ದರೆ, ಆಸ್ಪತ್ರೆಯಲ್ಲಿದ್ದೆವು, ಇನ್ನೊಂದು ಸರ್ಜರಿ ಆಯಿತು ಅಂತ ದಾಖಲೆ ಸಮೇತ ತೋರಿಸಿದರೆ, ಹೈಕೋರ್ಟು ತಡವನ್ನು ಮನ್ನಿಸಬಹುದು. ಆದರೆ ಹಾಗೆ ಮನ್ನಿಸುವಾಗ, ತಡ ಮಾಡಿದ ಅಷ್ಟು ದಿನಕ್ಕೆ ಹೆಚ್ಚಿನ ಮೊತ್ತದ ಮೇಲೆ ಬಡ್ಡಿ ಇಲ್ಲ ಅಂತ ಹೇಳುವುದು ಮಾಮೂಲು. ಎರಡು ಮೂರು ವರ್ಷ ತಡವಾದರೆ ಆ ಬಡ್ಡಿಯೇ ದೊಡ್ಡ ದುಡ್ಡು, ಅಲ್ವಾ?

ಇನ್ನೊಂದು ಮಿತಿ ಉಂಟು. ತಕರಾರಿನ ಮೊತ್ತ, ಅಂದರೆ ಅಪೀಲಿನಲ್ಲಿ ಜಗಳ ಇರುವ ದುಡ್ಡು, ಒಂದು ಲಕ್ಷಕ್ಕಿಂತ ಕಮ್ಮಿ ಇದ್ದರೆ ಅಪೀಲಿಗೆ ಅವಕಾಶ ಇಲ್ಲ. ಮೊದಲು ಇದು ಹತ್ತು ಸಾವಿರ ಇತ್ತು. 2019ರ ತಿದ್ದುಪಡಿಯಲ್ಲಿ ಒಂದು ಲಕ್ಷ ಮಾಡಿದರು, ಅದು 2022ರ ಏಪ್ರಿಲ್ 1ರಿಂದ ಜಾರಿಗೆ ಬಂತು. ಅದೇ ತಿದ್ದುಪಡಿಯಲ್ಲಿ ಮೊದಲ ಕ್ಲೈಮ್ ಅರ್ಜಿಗೂ ಆಕ್ಸಿಡೆಂಟ್ ಆದ ದಿನದಿಂದ ಆರು ತಿಂಗಳ ಗಡುವು ಬಂದಿದೆ. ಇನ್ನೂ ಕೇಸೇ ಹಾಕದವರು ಇಲ್ಲಿ ಇದ್ದರೆ ದಯವಿಟ್ಟು ಇವತ್ತೇ ಯಾರಾದರೂ ವಕೀಲರನ್ನು ನೋಡಿ.

ಸರಿ, ಲೆಕ್ಕಕ್ಕೆ ಬರೋಣ. ಅವಾರ್ಡ್ ಇಂಗ್ಲಿಷಿನಲ್ಲಿರುತ್ತದೆ. ಓದಲಿಕ್ಕೆ ಬಾರದಿದ್ದರೆ ಮಗಳ ಹತ್ತಿರವೋ ಶಾಲೆಯ ಮಾಷ್ಟ್ರ ಹತ್ತಿರವೋ ಕೊಡಿ, ಕೊನೆಯ ಪುಟಗಳನ್ನು ನೋಡಲಿಕ್ಕೆ ಹೇಳಿ. ಅಲ್ಲಿ ಒಂದು ಪಟ್ಟಿ ಇರುತ್ತದೆ. ಒಂದು ಬದಿಯಲ್ಲಿ ಯಾವುದಕ್ಕೆ ಅಂತ, ಪಕ್ಕದಲ್ಲಿ ನೀವು ಕೇಳಿದ್ದು, ಅದರ ಪಕ್ಕದಲ್ಲಿ ಅವರು ಕೊಟ್ಟದ್ದು. ಮದ್ದಿನ ಖರ್ಚು, ಆಸ್ಪತ್ರೆಗೆ ಹೋಗಿ ಬಂದ ವಾಹನದ ಖರ್ಚು, ಆಸ್ಪತ್ರೆಯಲ್ಲಿ ಜೊತೆಗೆ ಬೈಸ್ಟ್ಯಾಂಡರ್ ಆಗಿ ನಿಂತವರ ಖರ್ಚು, ಪೌಷ್ಟಿಕ ಆಹಾರ, ಮಲಗಿದ್ದಷ್ಟು ತಿಂಗಳ ಸಂಪಾದನೆ, ನೋವು ಯಾತನೆ, ಬದುಕಿನ ಸುಖ ಹೋದದ್ದು, ಮುಂದೆ ಬೇಕಾಗುವ ಚಿಕಿತ್ಸೆ, ಮತ್ತೆ ಶಾಶ್ವತ ಊನದಿಂದ ಮುಂದಿನ ಸಂಪಾದನೆಗೆ ಆಗುವ ನಷ್ಟ. ದೊಡ್ಡ ಮೊತ್ತ ಇರುವುದು ಈ ಕೊನೆಯದರಲ್ಲಿ. ಬೈಸ್ಟ್ಯಾಂಡರಿಗೆ ದಿನಕ್ಕೆ ನೂರು ರೂಪಾಯಿ ಕಮ್ಮಿ ಕೊಟ್ಟರು ಅಂತ ಅಪೀಲು ಹಾಕಿ ಜಾಸ್ತಿ ಪ್ರಯೋಜನ ಇಲ್ಲ. ನೋಡಬೇಕಾದ್ದು ಊನದ ಲೆಕ್ಕವನ್ನು.

ಅದು ನಿಂತಿರುವುದು ಮೂರು ಅಂಕೆಗಳ ಮೇಲೆ: ತಿಂಗಳ ಆದಾಯ ಎಷ್ಟು ಅಂತ ಹಿಡಿದರು, ಊನ ಶೇಕಡಾ ಎಷ್ಟು ಅಂತ ಹಿಡಿದರು, ವಯಸ್ಸಿನ ಗುಣಕ, ಅಂದರೆ ವರ್ಷದ ನಷ್ಟವನ್ನು ಎಷ್ಟರಿಂದ ಗುಣಿಸಬೇಕು ಅನ್ನುವ ಅಂಕೆ, ಎಷ್ಟು. ಗುಣಕದಲ್ಲಿ ಜಗಳ ಕಮ್ಮಿ, ಯಾಕೆಂದರೆ 2009ರ ಸರಳಾ ವರ್ಮಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟೇ ಪಟ್ಟಿ ಕೊಟ್ಟಿದೆ. 36ರಿಂದ 40 ವರ್ಷದವರಿಗೆ 15, 41ರಿಂದ 45ರವರಿಗೆ 14, 51ರಿಂದ 55ರವರಿಗೆ 11, ಹೀಗೆ. ನಿಮ್ಮ ವಯಸ್ಸು ಸರಿಯಾಗಿ ಬರೆದಿದ್ದಾರಾ ಅಂತ ಮಾತ್ರ ನೋಡಿಕೊಳ್ಳಿ.

ಆದಾಯದಲ್ಲಿ ನಮ್ಮವರಿಗೆ ತುಂಬ ನಷ್ಟ ಆಗುತ್ತದೆ. ಅಡಿಕೆ ತೋಟದ ಕೆಲಸಕ್ಕೆ ಸಂಬಳದ ಚೀಟಿ ಯಾರು ಕೊಡುತ್ತಾರೆ? ಗಾರೆ ಕೆಲಸಕ್ಕೆ? ದಾಖಲೆ ಇಲ್ಲ ಅಂತ ಟ್ರಿಬ್ಯೂನಲ್ ತನಗೆ ತೋಚಿದ ಒಂದು ಅಂಕೆ ಹಾಕುತ್ತದೆ. ಆದರೆ ಇದಕ್ಕೂ ಒಂದು ಅಳತೆ ಉಂಟು. ಕರ್ನಾಟಕದ ಒಬ್ಬ ಕೂಲಿ ಕೆಲಸದವರ ಕೇಸಿನಲ್ಲಿ 2011ರಲ್ಲಿ ಸುಪ್ರೀಂ ಕೋರ್ಟು, 2004ರ ಆಕ್ಸಿಡೆಂಟಿಗೆ ತಿಂಗಳಿಗೆ 4,500 ರೂಪಾಯಿ ಆದಾಯ ಅಂತ ಯಾವ ದಾಖಲೆಯೂ ಇಲ್ಲದೆ ಒಪ್ಪಿತು. ಕೇರಳ ಹೈಕೋರ್ಟು ಅದನ್ನೇ ಬುಡವಾಗಿಟ್ಟು ವರ್ಷಕ್ಕೆ 500 ರೂಪಾಯಿ ಸೇರಿಸಿ ಲೆಕ್ಕ ಮಾಡುತ್ತಾ ಬಂದಿದೆ. ಹಾಗೆ ನೋಡಿದರೆ 2019ರಲ್ಲಿ ಆದ ಆಕ್ಸಿಡೆಂಟಿಗೆ 12,000 ಆಗುತ್ತದೆ. ನಿಮ್ಮ ಅವಾರ್ಡಿನಲ್ಲಿ ಅದೇ ವರ್ಷಕ್ಕೆ ಏಳೋ ಎಂಟೋ ಸಾವಿರ ಬರೆದಿದ್ದರೆ, ಅದೊಂದೇ ಸಾಕು ಅಪೀಲಿನ ಬಗ್ಗೆ ಯೋಚಿಸಲಿಕ್ಕೆ. ಹಾಗೆಯೇ 2014ರಲ್ಲಿ ಒಬ್ಬ ತರಕಾರಿ ವ್ಯಾಪಾರಿಯ ಕೇಸು, ಅದೂ ಕರ್ನಾಟಕದ್ದೇ. 2008ರಲ್ಲಿ ಆದ ಆಕ್ಸಿಡೆಂಟ್, ಕಾಲು ಹೋಗಿತ್ತು. ಇಂಥವರ ಹತ್ತಿರ ಆದಾಯದ ಕಾಗದ ಕೇಳುವುದು ಸರಿಯಲ್ಲ ಅಂತ ಹೇಳಿ ತಿಂಗಳಿಗೆ 6,500 ಹಿಡಿದರು.

ಇಲ್ಲಿ ಬೀಡಿ ಕಟ್ಟುವ ಒಬ್ಬ ಅಕ್ಕ ಕೇಳಿದರು: "ನಾನು ಮನೆಯಲ್ಲೇ ಇರುವವಳು ಅಂತ ಬರೆದಿದ್ದಾರೆ, ನನಗೆ ಆದಾಯವೇ ಇಲ್ಲ ಅಂತ ಲೆಕ್ಕವಾ?" ಅಲ್ಲ ಅಕ್ಕ. ಮನೆ ಕೆಲಸ ಮಾಡುವ ಹೆಂಗಸಿಗೂ ಒಂದು ಆದಾಯ ಹಿಡಿಯಲೇಬೇಕು, 2021ರಲ್ಲಿ ಸುಪ್ರೀಂ ಕೋರ್ಟು ಇದನ್ನು ಬಿಡಿಸಿ ಹೇಳಿದೆ. ನಿಮ್ಮದು ಅದರ ಮೇಲೆ ಬೀಡಿ ಕೆಲಸವೂ ಉಂಟು. ಬೀಡಿ ಕಾರ್ಡೋ ಲೆಕ್ಕದ ಪುಸ್ತಕವೋ ಇದ್ದರೆ ಹುಡುಕಿ ಇಡಿ.

ಆದಾಯದ ಮೇಲೆ ಇನ್ನೊಂದು ಸೇರಬೇಕು, ಅದನ್ನು ಬಿಟ್ಟ ಅವಾರ್ಡುಗಳು ಈಗಲೂ ಕಾಣಸಿಗುತ್ತವೆ. ಆಕ್ಸಿಡೆಂಟ್ ಆಗದೆ ಇದ್ದಿದ್ದರೆ ಮುಂದೆ ಆದಾಯ ಏರುತ್ತಿತ್ತು ಅಲ್ವಾ? ಅದಕ್ಕೆ 2017ರ ಪ್ರಣಯ್ ಸೇಠಿ ತೀರ್ಪು ಸ್ವಂತ ದುಡಿಮೆಯವರಿಗೆ ಮತ್ತು ನಿಗದಿ ಸಂಬಳದವರಿಗೆ 40 ವರ್ಷದ ಒಳಗೆ ಶೇ. 40, 40ರಿಂದ 50ರ ನಡುವೆ ಶೇ. 25, 50ರಿಂದ 60ರ ನಡುವೆ ಶೇ. 10 ಸೇರಿಸಲಿಕ್ಕೆ ಹೇಳಿದೆ. ಆ ಕೇಸು ಸಾವಿನದ್ದು, ಹಾಗಾಗಿ ಗಾಯದ ಕೇಸಿಗೆ ಇದು ಅನ್ವಯ ಆಗುವುದಿಲ್ಲ ಅಂತ ದುಡ್ಡು ಕೊಡಬೇಕಾದ ಇನ್ಶೂರೆನ್ಸ್ ಕಂಪೆನಿಯವರು ವಾದ ಮಾಡುತ್ತಿದ್ದರು. 2020ರಲ್ಲಿ ಬಲಗೈ ಕಳೆದುಕೊಂಡ ಒಬ್ಬ ಟೈಪಿಸ್ಟ್ ಹುಡುಗನ ಕೇಸಿನಲ್ಲಿ ಸುಪ್ರೀಂ ಕೋರ್ಟು, ಶಾಶ್ವತ ಊನ ಆದವರಿಗೂ ಇದು ಸಿಗಬೇಕು ಅಂತ ಹೇಳಿತು. ಬದುಕಿ ಉಳಿದವನಿಗೆ ಮುಂದಿನ ಏರಿಕೆ ಇಲ್ಲ ಅನ್ನುವುದರಲ್ಲಿ ಏನು ನ್ಯಾಯ? ಸಣ್ಣ ಊನಕ್ಕೂ ಖಂಡಿತ ಸಿಗುತ್ತದೆ ಅಂತ ನಾನು ಭರವಸೆ ಕೊಡಲಾರೆ. ಕೇಳುವುದಕ್ಕಂತೂ ಹಕ್ಕು ಉಂಟು.

ಇನ್ನು ಶೇಕಡಾ. ಇದರ ಬಗ್ಗೆ ಸ್ವಲ್ಪ ಜಾಸ್ತಿ ಹೊತ್ತು ಮಾತಾಡುತ್ತೇನೆ, ಯಾಕೆಂದರೆ ನನ್ನ ಪ್ರಕಾರ ನಮ್ಮ ಊರಿನವರ ದುಡ್ಡು ಸೋರಿ ಹೋಗುವುದು ಇಲ್ಲೇ.

ಮೆಡಿಕಲ್ ಬೋರ್ಡು, ಅಂದರೆ ಊನ ಪರೀಕ್ಷೆ ಮಾಡುವ ಡಾಕ್ಟರುಗಳ ತಂಡ, ಕೊಡುವುದು ದೇಹದ ಊನ. ಮೊಣಗಂಟು ಇಷ್ಟು ಡಿಗ್ರಿ ಮಡಚುತ್ತದೆ, ಕಾಲು ಇಷ್ಟು ಸೆಂಟಿಮೀಟರ್ ಗಿಡ್ಡ ಆಗಿದೆ, ಇಡೀ ದೇಹಕ್ಕೆ ಲೆಕ್ಕ ಹಾಕಿದರೆ ಶೇ. 12. ಅಷ್ಟೇ. ಈ ಮನುಷ್ಯ ಏನು ಕೆಲಸ ಮಾಡುತ್ತಿದ್ದ ಅನ್ನುವುದು ಡಾಕ್ಟರಿಗೆ ಬೇಡ, ಅದು ಅವರ ಕೆಲಸವೂ ಅಲ್ಲ. ಆ ಕೆಲಸ ಟ್ರಿಬ್ಯೂನಲ್‌ನದ್ದು. ರಾಜ್‌ಕುಮಾರ್ ತೀರ್ಪು ಅಂತ ಒಂದು ಉಂಟು, 2010ರ ಅಕ್ಟೋಬರಿನದ್ದು, ಗಾಯದ ಕೇಸುಗಳಿಗೆ ಅದೇ ಕೈಪಿಡಿ. ಅದರಲ್ಲಿ ಸುಪ್ರೀಂ ಕೋರ್ಟು ಒಂದು ಉದಾಹರಣೆ ಕೊಡುತ್ತದೆ. ಎಡಗೈ ಹೋದರೆ ದೇಹದ ಊನ ಸುಮಾರು ಶೇ. 60 ಅನ್ನಬಹುದು. ಆ ಮನುಷ್ಯ ಡ್ರೈವರೋ ಬಡಗಿಯೋ ಆಗಿದ್ದರೆ ಅವನ ಸಂಪಾದನೆ ಹೆಚ್ಚುಕಮ್ಮಿ ಪೂರ್ತಿ ಹೋಯಿತು. ಸರಕಾರಿ ಗುಮಾಸ್ತ ಆಗಿದ್ದರೆ ಕೆಲಸ ಉಳಿಯಬಹುದು. ಅಂದರೆ ಗಾಯ ಒಂದೇ, ನಷ್ಟ ಬೇರೆ ಬೇರೆ. ಈಗ ಹೇಳಿದ ಟೈಪಿಸ್ಟ್ ಹುಡುಗನ ಕೇಸೂ ಹಾಗೆಯೇ. ಡಾಕ್ಟರು ಕೊಟ್ಟದ್ದು ಶೇ. 89, ಕೆಳಗಿನ ಕೋರ್ಟುಗಳು ಹಿಡಿದದ್ದು ಶೇ. 45, ಸುಪ್ರೀಂ ಕೋರ್ಟು ಶೇ. 65 ಮಾಡಿತು.

ಈಗ ನಮ್ಮ ಊರಿಗೆ ಬನ್ನಿ. ಅಡಿಕೆ ಮರ ಏರುವವರನ್ನು ತೆಗೆದುಕೊಳ್ಳಿ. ಕೊನೆ ಕೊಯ್ಯಬೇಕು, ಮಳೆಗಾಲದಲ್ಲಿ ಮದ್ದು ಬಿಡಬೇಕು, ಒಂದು ಮರದಿಂದ ಇನ್ನೊಂದು ಮರಕ್ಕೆ ಹಾಯಬೇಕು. ಕಾಲಿಗೆ ತಳೆ, ಅಂದರೆ ಹಗ್ಗದ ಬಳೆ, ಹಾಕಿ ಮೇಲೆ ಹೋಗುವ ಮನುಷ್ಯನಿಗೆ ಪಾದದ ಗಂಟು ಸ್ವಲ್ಪ ಬಿಗಿದರೂ ಸಾಕು, ಆ ಕೆಲಸ ಅಲ್ಲಿಗೆ ಮುಗಿಯಿತು. ಯಾವ ತೋಟದವರೂ ಅವರನ್ನು ಮರ ಹತ್ತಿಸುವುದಿಲ್ಲ. ಹತ್ತಿಸಲೂಬಾರದು. ಸರ್ಟಿಫಿಕೇಟಿನಲ್ಲಿ ಮಾತ್ರ ಶೇ. 12! ಯಕ್ಷಗಾನ ಮೇಳದಲ್ಲಿ ರಾತ್ರಿಯಿಡೀ ಗೆಜ್ಜೆ ಕಟ್ಟಿ ಕುಣಿಯುವವರ ಮೊಣಗಂಟು, ದೋಣಿಯಲ್ಲಿ ನಿಂತು ಬಲೆ ಎಳೆಯುವವರ ಭುಜ, ಬೀಡಿ ಕಟ್ಟುವ ಹೆಂಗಸಿನ ಬೆರಳುಗಳು, ಎಲ್ಲ ಇದೇ ಥರ. ಅರ್ಜಿಯಲ್ಲಿ ಉದ್ಯೋಗ ಅಂತ ಇರುವ ಜಾಗದಲ್ಲಿ "ಕೂಲಿ" ಅಂತ ಒಂದೇ ಶಬ್ದ ಬರೆದುಬಿಡುತ್ತಾರೆ. ಎರ್ನಾಕುಳದ ಹೈಕೋರ್ಟಿನಲ್ಲಿ ಕೂತು ಆ ಫೈಲು ಓದುವ ಜಡ್ಜಿಗೆ ಈ ಮನುಷ್ಯ ಐವತ್ತು ಅಡಿ ಮೇಲೆ ಕೆಲಸ ಮಾಡುತ್ತಿದ್ದ ಅಂತ ಹೇಗೆ ಗೊತ್ತಾಗಬೇಕು? ಎಷ್ಟೋ ಕೇಸುಗಳಲ್ಲಿ ಗಾಯಾಳು ಕಟಕಟೆ ಹತ್ತುವುದೇ ಇಲ್ಲ, ಕಾಗದಪತ್ರವನ್ನು ಸಾಕ್ಷ್ಯ ಅಂತ ಮಾರ್ಕ್ ಮಾಡಿ ಮುಗಿಸಿಬಿಡುತ್ತಾರೆ. ನನಗೆ ಇದರಲ್ಲಿ ತುಂಬ ಬೇಸರ ಉಂಟು. ಕೆಲಸ ಕಳೆದುಕೊಂಡವನ ಬಾಯಿಯಿಂದ ಆ ಕೆಲಸ ಏನು ಅಂತ ಒಂದು ಸಲವಾದರೂ ದಾಖಲಾಗಬೇಕು. ಕನ್ನಡದಲ್ಲೋ ತುಳುವಿನಲ್ಲೋ ಹೇಳಲಿ, ಬರೆದುಕೊಳ್ಳುವುದು ಕೋರ್ಟಿನ ಜವಾಬ್ದಾರಿ. ತೋಟದ ಧನಿಯೋ ಜೊತೆಗೆ ಮರ ಏರುವ ಇನ್ನೊಬ್ಬರೋ ಸಾಕ್ಷಿ ಹೇಳಿದರೆ ಇನ್ನೂ ಒಳ್ಳೆಯದು. ಟ್ರಿಬ್ಯೂನಲ್‌ನಲ್ಲಿ ಬಾರದ ಸಾಕ್ಷ್ಯ ಅಪೀಲಿನಲ್ಲಿ ಸುಲಭವಾಗಿ ಒಳಗೆ ಬರುವುದಿಲ್ಲ. ಹೊಸ ದಾಖಲೆಗೆ ಬೇರೆ ಅರ್ಜಿ ಹಾಕಿ, ಆಗ ಯಾಕೆ ಕೊಡಲಿಲ್ಲ ಅಂತ ಕಾರಣ ಹೇಳಬೇಕಾಗುತ್ತದೆ.

ಒಂದು ಲೆಕ್ಕ ಮಾಡಿ ತೋರಿಸುತ್ತೇನೆ. ಇದು ಉದಾಹರಣೆಗೆ ಮಾತ್ರ. ಮರ ಏರುವ 38 ವರ್ಷದವರು, 2019ರ ಆಕ್ಸಿಡೆಂಟ್. ಟ್ರಿಬ್ಯೂನಲ್ ಆದಾಯ 8,000 ಹಿಡಿಯಿತು, ಊನ ಶೇ. 12, ಗುಣಕ 15. ತಿಂಗಳ 8,000ವನ್ನು 12ರಿಂದ, ಮತ್ತೆ 15ರಿಂದ ಗುಣಿಸಿ ಶೇ. 12 ತೆಗೆದರೆ 1,72,800 ರೂಪಾಯಿ. ಅಪೀಲಿನಲ್ಲಿ ಆದಾಯ 12,000 ಅಂತ ಒಪ್ಪಿದರು, ಶೇ. 40 ಸೇರಿಸಿದರು, 16,800 ಆಯಿತು. ಕೆಲಸಕ್ಕೆ ಆದ ನಷ್ಟ ಶೇ. 30 ಅಂತ ಹಿಡಿದರು. ಆಗ ಅದೇ ಲೆಕ್ಕ 9,07,200 ಆಗುತ್ತದೆ. ಕಾಲು ಅದೇ, ಮನುಷ್ಯ ಅದೇ. ಇದರ ಮೇಲೆ ಕ್ಲೈಮ್ ಅರ್ಜಿ ಹಾಕಿದ ದಿನದಿಂದ ಬಡ್ಡಿ ಬೇರೆ. ಪ್ರತಿ ಕೇಸಿನಲ್ಲೂ ಹೀಗೆ ಐದು ಪಟ್ಟು ಏರುತ್ತದೆ ಅಂತ ತಿಳಿಯಬೇಡಿ. ಒಂದೊಂದು ಅಂಕೆ ಸರಿಯಾದರೂ ಮೊತ್ತ ಎಷ್ಟು ಬದಲಾಗುತ್ತದೆ ಅಂತ ತೋರಿಸಿದ್ದು.

ಚಿಕ್ಕ ಮಕ್ಕಳಿಗೆ ಏಟಾದ ಕೇಸುಗಳಲ್ಲಂತೂ ವ್ಯತ್ಯಾಸ ಇನ್ನೂ ದೊಡ್ಡದು. 12 ವರ್ಷದ ಒಬ್ಬ ಹುಡುಗಿ, ಪೂರ್ತಿ ಊನ, ಜೀವನವಿಡೀ ಜೊತೆಗೆ ಆಳು ಬೇಕು. ಟ್ರಿಬ್ಯೂನಲ್ ಸುಮಾರು 11 ಲಕ್ಷ ಕೊಟ್ಟಿತ್ತು, ಹೈಕೋರ್ಟು 25 ಲಕ್ಷ ದಾಟಿಸಿತು, 2020ರಲ್ಲಿ ಸುಪ್ರೀಂ ಕೋರ್ಟು 62 ಲಕ್ಷಕ್ಕೂ ಮೇಲೆ ಮಾಡಿತು. ನೋಡಿಕೊಳ್ಳುವವರ ಖರ್ಚನ್ನೂ ವಯಸ್ಸಿನ ಗುಣಕ ಹಾಕಿಯೇ ಲೆಕ್ಕ ಮಾಡಿದರು. ಅಂಥ ಮಗು ಮನೆಯಲ್ಲಿ ಇರುವವರು ಈ ಅಂಶವನ್ನು ವಕೀಲರಿಗೆ ನೆನಪಿಸಿ.

"ಅರ್ಜಿಯಲ್ಲಿ ನಾವು ಕೇಳಿದ್ದೇ ಐದು ಲಕ್ಷ, ಅದಕ್ಕಿಂತ ಜಾಸ್ತಿ ಕೊಡ್ತಾರಾ?" ಅಂತ ಒಬ್ಬರು ಕೇಳಿದರು. ಕೊಡಬಹುದು. ನ್ಯಾಯವಾದ ಪರಿಹಾರ ಕೊಡಬೇಕು ಅಂತ ಕಾಯ್ದೆ ಹೇಳುವುದರಿಂದ ಕೇಳಿದ್ದಕ್ಕಿಂತ ಜಾಸ್ತಿ ಕೊಡಲಿಕ್ಕೆ ಅಡ್ಡಿ ಇಲ್ಲ ಅಂತ 2002ರಲ್ಲೇ ತೀರ್ಮಾನ ಆಗಿದೆ.

ಇನ್ನೊಬ್ಬ ಹಿರಿಯರ ಪ್ರಶ್ನೆ: ಅಪೀಲು ಹಾಕಿದರೆ ಇದ್ದದ್ದೂ ಹೋಗುತ್ತದಾ? ಈ ಹೆದರಿಕೆಯಿಂದಲೇ ಸುಮ್ಮನೆ ಕೂತವರು ತುಂಬ ಜನ ಇದ್ದಾರೆ, ಅದಕ್ಕೆ ಬಿಡಿಸಿ ಹೇಳುತ್ತೇನೆ. ನೀವು ಮಾತ್ರ ಅಪೀಲು ಹಾಕಿದ್ದೀರಿ, ಇನ್ಶೂರೆನ್ಸ್ ಕಂಪೆನಿ ಹಾಕಿಲ್ಲ ಅಂತಾದರೆ, ಹೈಕೋರ್ಟಿಗೆ ಮೊತ್ತ ಜಾಸ್ತಿ ಆಯಿತು ಅನ್ನಿಸಿದರೂ ನಿಮ್ಮ ಅಪೀಲನ್ನು ವಜಾ ಮಾಡಬಹುದೇ ಹೊರತು ಇದ್ದ ಮೊತ್ತ ಇಳಿಸುವಂತಿಲ್ಲ. 2011ರ ಒಂದು ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಹೀಗೆ ಹೇಳಿದೆ. ಕಂಪೆನಿಯೂ ಅಪೀಲು ಹಾಕಿದ್ದರೆ ಮಾತ್ರ ಇಳಿಯುವ ಸಂಭವ ಉಂಟು. ಹಾಗಾಗಿ ಕಂಪೆನಿಯ ಅಪೀಲಿನ ನೋಟಿಸು ಮನೆಗೆ ಬಂದರೆ ದೇವರ ಫೋಟೋದ ಹಿಂದೆ ಸಿಕ್ಕಿಸಿ ಇಡಬೇಡಿ, ಆ ವಾರವೇ ವಕೀಲರಿಗೆ ತಲುಪಿಸಿ. ನಿಮ್ಮ ಕಡೆಯಿಂದ ಎದುರು ಆಕ್ಷೇಪ ಹಾಕಿ ಜಾಸ್ತಿ ಕೇಳಲಿಕ್ಕೂ ಅವಕಾಶ ಉಂಟು, ಅದಕ್ಕೆ ಇರುವುದು ಒಂದು ತಿಂಗಳು. ದುಡ್ಡು ಡ್ರಾ ಮಾಡಿದ ಮೇಲೆ ಅಪೀಲು ಹಾಕಬಾರದು ಅನ್ನುವುದೂ ತಪ್ಪು ಕಲ್ಪನೆ. ಕೊಟ್ಟದ್ದನ್ನು ತೆಗೆದುಕೊಳ್ಳಿ, ಉಳಿದದ್ದಕ್ಕೆ ಅಪೀಲು ಹಾಕಿ. ಅಪೀಲಿಗೆ ಮೊದಲು ಡೆಪಾಸಿಟ್ ಕಟ್ಟಬೇಕು ಅನ್ನುವ ನಿಯಮ ಇರುವುದು ದುಡ್ಡು ಕೊಡಬೇಕಾದವರಿಗೆ, ಪಡೆಯುವವರಿಗೆ ಅಲ್ಲ.

ಆದರೆ ಒಂದು ಕಡೆ ನಿಜಕ್ಕೂ ಬಾಗಿಲು ಮುಚ್ಚುತ್ತದೆ. ಲೋಕ ಅದಾಲತ್. ಅಲ್ಲಿ ರಾಜಿಯಾಗಿ ಸಹಿ ಹಾಕಿದರೆ ಅದೇ ಕೊನೆ, ಅದರ ಮೇಲೆ ಅಪೀಲು ಇಲ್ಲ. ಅದಾಲತ್ ಕೆಟ್ಟದು ಅಂತ ನಾನು ಹೇಳುವುದಿಲ್ಲ, ದುಡ್ಡು ಬೇಗ ಕೈಗೆ ಬರುತ್ತದೆ, ಅದೂ ದೊಡ್ಡ ವಿಷಯವೇ. ಆದರೆ ಸಹಿ ಹಾಕುವ ಮೊದಲು ಈಗ ಹೇಳಿದ ಮೂರು ಅಂಕೆಗಳನ್ನು ಹಾಕಿ ನೋಡಿ, ಎಷ್ಟು ಬಿಟ್ಟುಕೊಡುತ್ತಿದ್ದೇನೆ ಅಂತ ತಿಳಿದುಕೊಂಡೇ ಸಹಿ ಹಾಕಿ.

ನಿಮ್ಮದೂ ತಪ್ಪು ಉಂಟು ಅಂತ ಹೇಳಿ ಮೊತ್ತದಲ್ಲಿ ಕಾಲು ಭಾಗವೋ ಅರ್ಧವೋ ಕಡಿತ ಮಾಡಿದ್ದರೆ, ಅದನ್ನೂ ಅಪೀಲಿನಲ್ಲಿ ಪ್ರಶ್ನಿಸಬಹುದು. ಬೈಕಿನಲ್ಲಿ ಮೂರು ಜನ ಇದ್ದರು ಅಂದ ಮಾತ್ರಕ್ಕೆ ಆಕ್ಸಿಡೆಂಟಿಗೆ ಅವರೂ ಕಾರಣ ಅನ್ನಲಿಕ್ಕೆ ಆಗುವುದಿಲ್ಲ, ಅದರಿಂದಲೇ ಆಕ್ಸಿಡೆಂಟ್ ಆಯಿತು ಅಂತ ಕಂಪೆನಿ ತೋರಿಸಬೇಕು. ಇದು 2020ರ ತೀರ್ಪು. ಕೇರಳದ್ದೇ ಒಂದು ಕೇಸಿನಲ್ಲಿ 2013ರಲ್ಲಿ, ಪೊಲೀಸರು ಜಾಗ ನೋಡಿ ಬರೆಯುವ ಮಹಜರಿನಲ್ಲಿ ವಾಹನ ಯಾವ ಕಡೆ ನಿಂತಿತ್ತು ಅಂತ ಬರೆದದ್ದನ್ನು ಮಾತ್ರ ನೋಡಿ ತಪ್ಪು ಯಾರದ್ದು ಅಂತ ತೀರ್ಮಾನ ಮಾಡಬಾರದು ಅಂದಿದ್ದಾರೆ.

ಈಗ ಗಡಿಯ ವಿಷಯ, ಇದು ನಮಗೆ ಮಾತ್ರ ಇರುವ ತಲೆಬಿಸಿ. ಮಂಜೇಶ್ವರದವರಿಗೆ ಕರ್ನಾಟಕದ ತೊಕ್ಕೊಟ್ಟಿನಲ್ಲಿ ಆಕ್ಸಿಡೆಂಟ್ ಆಗುತ್ತದೆ, ಚಿಕಿತ್ಸೆ ಮಂಗಳೂರಿನಲ್ಲಿ, ಮನೆ ಕೇರಳದಲ್ಲಿ. ಕೇಸು ಎಲ್ಲಿ ಹಾಕಬೇಕು? ಆಕ್ಸಿಡೆಂಟ್ ಆದ ಜಾಗದಲ್ಲಿ ಹಾಕಬಹುದು, ನೀವು ವಾಸ ಇರುವ ಅಥವಾ ವ್ಯಾಪಾರ ಮಾಡುವ ಜಾಗದಲ್ಲಿ ಹಾಕಬಹುದು, ಎದುರು ಪಾರ್ಟಿ ಇರುವ ಕಡೆಯೂ ಹಾಕಬಹುದು. ಆಯ್ಕೆ ನಿಮ್ಮದು. ಆದರೆ ಆ ಆಯ್ಕೆ ಮಾಡುವ ದಿನವೇ ನಿಮ್ಮ ಅಪೀಲು ಎಲ್ಲಿಗೆ ಹೋಗುತ್ತದೆ ಅಂತಲೂ ತೀರ್ಮಾನ ಆಗುತ್ತದೆ. ಕಾಸರಗೋಡಿನಲ್ಲಿ ಹಾಕಿದರೆ ಎರ್ನಾಕುಳದ ಕೇರಳ ಹೈಕೋರ್ಟಿಗೆ, ಅಲ್ಲಿ ಅದಕ್ಕೆ ಎಂಎಸಿಎ ಅನ್ನುತ್ತಾರೆ. ಮಂಗಳೂರಿನಲ್ಲಿ ಹಾಕಿದರೆ ಬೆಂಗಳೂರಿನ ಕರ್ನಾಟಕ ಹೈಕೋರ್ಟಿಗೆ, ಅಲ್ಲಿ ಎಂಎಫ್ಎ. ಕೇರಳದ ವರ್ಷಕ್ಕೆ 500ರ ಲೆಕ್ಕವನ್ನು ಹಿಡಿದುಕೊಂಡು ಬೆಂಗಳೂರಿನಲ್ಲಿ ವಾದ ಮಾಡಲಿಕ್ಕೆ ಆಗುವುದಿಲ್ಲ, ಅಲ್ಲಿ ಅವರದ್ದೇ ಬೇರೆ ಪಟ್ಟಿ ಉಂಟು. ಮಂಗಳೂರಿನ ಡಾಕ್ಟರು ಕೊಟ್ಟ ಊನದ ಸರ್ಟಿಫಿಕೇಟನ್ನು ಕಾಸರಗೋಡಿನ ಕೇಸಿನಲ್ಲಿ ಕೊಟ್ಟರೆ, ಡಾಕ್ಟರು ಬಂದು ಸಾಕ್ಷಿ ಹೇಳಲಿ ಅಂತ ಕಂಪೆನಿ ಪಟ್ಟು ಹಿಡಿಯುತ್ತದೆ. ಅವರು ಬರುವುದಿಲ್ಲ. ಆಗ ಸರ್ಟಿಫಿಕೇಟಿನ ಬೆಲೆ ಇಳಿಯುತ್ತದೆ. ಇಂಥ ಕೇಸಿನಲ್ಲಿ ಮೊದಲೇ ಮೆಡಿಕಲ್ ಬೋರ್ಡಿಗೆ ಕಳಿಸಿ ಅಂತ ಕೇಳುವುದು ಒಳ್ಳೆಯದು. ಚಿಕಿತ್ಸೆ ಮಾಡಿದ ಡಾಕ್ಟರ ಹೇಳಿಕೆಯನ್ನು ಕಮಿಷನ್ ಮೂಲಕ, ಅಂದರೆ ಕೋರ್ಟು ನೇಮಿಸಿದವರನ್ನು ಕಳಿಸಿ, ಅವರಿರುವಲ್ಲೇ ತೆಗೆದುಕೊಳ್ಳಲಿಕ್ಕೂ ಕೇಳಬಹುದು.

ಎರ್ನಾಕುಳಕ್ಕೆ ಪ್ರತಿ ಸಲ ಹೋಗಬೇಕಾ ಅಂದರೆ, ಬೇಡ. ಅಪೀಲು ನಡೆಯುವುದು ಫೈಲಿನ ಮೇಲೆ, ವಕೀಲರಿಗೆ ಅಧಿಕಾರ ಕೊಡುವ ವಕಾಲತ್ತಿಗೆ ಸಹಿ ಹಾಕಿ ಕಾಗದ ಕಳಿಸಿದರೆ ಸಾಮಾನ್ಯವಾಗಿ ಸಾಕು. ಕೇಸು ಎಲ್ಲಿಗೆ ಬಂತು ಅಂತ ಹೈಕೋರ್ಟಿನ ವೆಬ್‌ಸೈಟಿನಲ್ಲಿ ನಂಬರು ಹಾಕಿ ನೋಡಬಹುದು, ಮಕ್ಕಳು ಮೊಬೈಲಿನಲ್ಲೇ ನೋಡಿ ಹೇಳುತ್ತಾರೆ. ಫೀಸಿನ ವಿಷಯ ಮೊದಲೇ ಮಾತಾಡಿ. ಬಂದದ್ದರಲ್ಲಿ ಇಷ್ಟು ಪಾಲು ನನಗೆ ಅಂತ ವಕೀಲರು ಒಪ್ಪಂದ ಮಾಡಿಕೊಳ್ಳುವುದಕ್ಕೆ ಬಾರ್ ಕೌನ್ಸಿಲಿನ ನಿಯಮವೇ ಅವಕಾಶ ಕೊಡುವುದಿಲ್ಲ. ಕೇಳಲಿಕ್ಕೆ ಸಂಕೋಚ ಬೇಡ.

ಫೀಸು ಕೊಡಲಿಕ್ಕೇ ಆಗದವರಿಗೆ ಉಚಿತ ಕಾನೂನು ನೆರವು ಉಂಟು. ಹೆಂಗಸರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಮಕ್ಕಳು, ಊನ ಇರುವವರು, ಇವರಿಗೆಲ್ಲ ಆದಾಯ ನೋಡದೆ ಕೊಡಬೇಕು ಅಂತ 1987ರ ಕಾನೂನು ಸೇವೆಗಳ ಕಾಯ್ದೆ ಹೇಳುತ್ತದೆ. ಆಕ್ಸಿಡೆಂಟಿನಲ್ಲಿ ಶಾಶ್ವತ ಊನ ಆದವರೂ ಊನದ ಸರ್ಟಿಫಿಕೇಟ್ ತೋರಿಸಿ ಇದನ್ನು ಕೇಳಬಹುದು. ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದ ಆಫೀಸಿಗೆ ಹೋಗಿ. ಹೋಗುವಾಗ ಅವಾರ್ಡಿನ ಕಾಪಿ, ಮೆಡಿಕಲ್ ಬೋರ್ಡಿನ ಸರ್ಟಿಫಿಕೇಟ್, ಡಿಸ್ಚಾರ್ಜ್ ಸಮ್ಮರಿ, ಚಾರ್ಜ್ ಶೀಟು ಇಷ್ಟು ಹಿಡಿದುಕೊಳ್ಳಿ. ಅದರ ಜೊತೆ ಒಂದು ಹಾಳೆಯಲ್ಲಿ, ಕನ್ನಡದಲ್ಲೇ, ಆಕ್ಸಿಡೆಂಟಿನ ಮೊದಲು ನೀವು ಬೆಳಿಗ್ಗೆಯಿಂದ ಸಂಜೆಯವರೆಗೆ ಏನೇನು ಕೆಲಸ ಮಾಡುತ್ತಿದ್ದಿರಿ, ಅದರಲ್ಲಿ ಈಗ ಯಾವುದು ಆಗುವುದಿಲ್ಲ ಅಂತ ಬರೆದು ತೆಗೆದುಕೊಂಡು ಹೋಗಿ. ಅಪೀಲು ಬರೆಯುವ ವಕೀಲರು ನಿಮ್ಮನ್ನು ನೋಡದೆಯೂ ಇರಬಹುದು. ಅವರಿಗೆ ಆ ಹಾಳೆ ಬೇಕು.